ರಾಜೀನಾಮೆ ಅಂತ ಬರೆದರು, ಆರು ವರ್ಷ ಹೋಯಿತು!

ಬೀದರ: ನೌಕರಿ ಸಿಕ್ಕರೆ ಪೇಢಾ ಹಂಚುವ ಜಿಲ್ಲೆ ಇದು. ಇದ್ದ ನೌಕರಿ ಬಿಟ್ಟು ಅದಕ್ಕಿಂತ ಚಲೋ ನೌಕರಿ ಸಿಕ್ಕರಂತೂ ಎರಡು ಕಿಲೋ ಜಾಸ್ತಿಯೇ ಹಂಚುತ್ತಾರೆ. ಮಾಸ್ತರಿಕೆ ಬಿಟ್ಟು ಎಫ್.ಡಿ.ಎ. ಆದವರು, ಕಂಡಕ್ಟರಿಕೆ ಬಿಟ್ಟು ಪೊಲೀಸ್ ಆದವರು, ಪೊಲೀಸ್ ಬಿಟ್ಟು ಪಿ.ಡಿ.ಓ. ಆದವರು ಬೀದರ, ಭಾಲ್ಕಿ, ಔರಾದಗಳ ಓಣಿ ಓಣಿಯಲ್ಲಿ ಸಿಗುತ್ತಾರೆ. ಬಾಯಲ್ಲಿ ಪೇಢಾ ಇದ್ದಾಗ ಪಿಂಚಣಿ ಯಾರಿಗೆ ನೆನಪಾದೀತು? ನೆನಪಾಗುವುದು ತಲೆ ಬೆಳ್ಳಗಾದ ಮೇಲೆ. ಆಗ ಸರ್ವಿಸ್ ಬುಕ್ಕು ತೆರೆದು ನೋಡಿದರೆ ಮೊದಲ ನೌಕರಿಯ ವರ್ಷಗಳೇ ಅದರಲ್ಲಿಲ್ಲ!

ಎಲ್ಲಿ ಹೋದವು? ಯಾರೂ ಕದ್ದಿಲ್ಲ. ತಾನೇ ಕೈಯಾರೆ ಬರೆದುಕೊಟ್ಟ ಅರ್ಧ ಪುಟದ ಅರ್ಜಿಯಲ್ಲಿ ಹೋಗಿವೆ.

ಔರಾದ ತಾಲೂಕಿನ ಹಳ್ಳಿಯೊಂದರಲ್ಲಿ 2003ರಲ್ಲಿ ಸರ್ಕಾರಿ ಪ್ರಾಥಮಿಕ ಶಾಲೆಗೆ ಸೇರಿದ ಒಬ್ಬ ಮಾಸ್ತರರನ್ನು ಮುಂದಿಟ್ಟುಕೊಂಡು ಈ ವಿಷಯ ನೋಡಿದರೆ ಬೇಗ ತಿಳಿಯುತ್ತದೆ. ಹೆಸರು ಬೇಡ. ಇದು ಯಾರೋ ಒಬ್ಬರ ಕಥೆಯೂ ಅಲ್ಲ, ಇಂಥವರ ಪಾಡನ್ನೆಲ್ಲ ಒಟ್ಟುಮಾಡಿ ಒಬ್ಬರ ಮೇಲಿಟ್ಟು ಹೇಳಿದ್ದು. ಈ ಮಾಸ್ತರರು ಶಾಲೆ ಮುಗಿಸಿ ರಾತ್ರಿ ಕಂದೀಲು ಬೆಳಕಿನಲ್ಲಿ ಓದಿ ಬೇರೆ ಇಲಾಖೆಯ ಎಫ್.ಡಿ.ಎ. ಪರೀಕ್ಷೆ ಕಟ್ಟಿದರು. ಹೆಡ್ ಮಾಸ್ತರರಿಗೆ ಹೇಳಲಿಲ್ಲ. ಸುದ್ದಿ ಹೊರಗೆ ಬಿದ್ದು ಆಮೇಲೆ ಪಾಸಾಗದಿದ್ದರೆ ಊರಲ್ಲಿ ಮರ್ಯಾದೆ ಏನಾಗಬೇಕು? ಪಾಸಾಯಿತು. 2009ರಲ್ಲಿ ಭಾಲ್ಕಿಯ ಒಂದು ಕಚೇರಿಗೆ ಆರ್ಡರು ಬಂತು. ಇಷ್ಟು ದಿನದೊಳಗೆ ಹಾಜರಾಗಬೇಕು ಅಂತ ಅದರಲ್ಲಿ ಷರತ್ತು.

ಆರ್ಡರು ಹಿಡಿದುಕೊಂಡು ಓಡಿ ಬಂದ ಮಾಸ್ತರರಿಗೆ ಆಫೀಸಿನ ಗುಮಾಸ್ತರು ಹೇಳುವ ಮಾತು ಎಲ್ಲ ತಾಲೂಕಿನಲ್ಲೂ ಒಂದೇ: "ರಾಜೀನಾಮಾ ಬರ್ದು ಕೊಡ್ರಿ ಸರ್, ಸಂಜಿಗೆ ರಿಲೀವ್ ಮಾಡಸ್ತೀನಿ." ಮಾಸ್ತರರು ಬಿಳಿ ಹಾಳೆ ತೆಗೆದುಕೊಂಡು, ಎಲ್ಲರೂ ಬರೆಯುವ ಹಾಗೆ, "ನನ್ನ ಸ್ವಂತ ಕಾರಣಗಳಿಂದ ಈ ಹುದ್ದೆಗೆ ರಾಜೀನಾಮೆ ಸಲ್ಲಿಸುತ್ತಿದ್ದೇನೆ" ಎಂದು ಬರೆದರು. ಸಹಿ ಮಾಡಿದರು. ಗುಮಾಸ್ತರಿಗೆ ಚಹಾ ಕುಡಿಸಿದರು. ಭಾಲ್ಕಿ ಬಸ್ಸು ಹತ್ತಿದರು.

ಸ್ವಂತ ಕಾರಣ! ಆ ಎರಡು ಶಬ್ದದ ಬೆಲೆ ಅವರಿಗೆ ಗೊತ್ತಾಗಿದ್ದು ಹದಿನೈದು ವರ್ಷದ ಮೇಲೆ.

ನಿಯಮ ಕೆಟ್ಟದ್ದಲ್ಲ

ಸರ್ಕಾರದ ಮೇಲೆ ಹಾಕಿ ಬೈದುಬಿಡುವುದು ಸುಲಭ. ಆದರೆ ಇಲ್ಲಿ ನಿಯಮ ನೌಕರನ ಪರವಾಗಿಯೇ ಇದೆ ಎಂಬುದು ವಿಚಿತ್ರ. ಕರ್ನಾಟಕ ನಾಗರಿಕ ಸೇವಾ ನಿಯಮಗಳು, ಆಫೀಸಿನವರ ಬಾಯಲ್ಲಿ ಕೆ.ಸಿ.ಎಸ್.ಆರ್., 1958ರಿಂದ ಇವೆ. ಅದರ 252ನೇ ನಿಯಮ ಎರಡು ಮಾತು ಹೇಳುತ್ತದೆ. ನೌಕರಿಗೆ ರಾಜೀನಾಮೆ ಕೊಟ್ಟವನ ಹಿಂದಿನ ಸೇವೆ ಪಿಂಚಣಿ ಲೆಕ್ಕದಿಂದ ಹೋಯಿತು ಎಂಬುದು ಒಂದು. ಆದರೆ ಸರಿಯಾದ ಅನುಮತಿ ಪಡೆದು, ಪಿಂಚಣಿಗೆ ಲೆಕ್ಕ ಬರುವ ಇನ್ನೊಂದು ಹುದ್ದೆ ಹಿಡಿಯಲಿಕ್ಕೆಂದು ಬಿಟ್ಟರೆ ಅದು ಸರ್ಕಾರಿ ಸೇವೆಗೆ ಕೊಟ್ಟ ರಾಜೀನಾಮೆಯೇ ಅಲ್ಲ ಎಂಬುದು ಎರಡನೆಯದು. ಮನೆ ಬಿಟ್ಟು ಹೋಗುವುದು ಬೇರೆ, ಅದೇ ಮನೆಯಲ್ಲಿ ಪಡಸಾಲೆ ಬಿಟ್ಟು ಅಡುಗೆಮನೆಗೆ ಹೋಗುವುದು ಬೇರೆ. ಕೇಂದ್ರ ಸರ್ಕಾರದ 1972ರ ಪಿಂಚಣಿ ನಿಯಮಗಳಲ್ಲಿ 26ನೇ ನಿಯಮ ಇದನ್ನೇ ಹೇಳಿತ್ತು. 2021ರಲ್ಲಿ ಆ ನಿಯಮಗಳ ಜಾಗಕ್ಕೆ ಹೊಸವು ಬಂದವು, ತತ್ವ ಬದಲಾಗಲಿಲ್ಲ. ಇಂಥ ರಾಜೀನಾಮೆಗೆ ಆಫೀಸು ಭಾಷೆಯಲ್ಲಿ "ತಾಂತ್ರಿಕ ರಾಜೀನಾಮೆ" ಅಂತ ಹೆಸರೇ ಇದೆ.

ಅಂದರೆ ನಮ್ಮ ಮಾಸ್ತರರು ಮೊದಲೇ ಅನುಮತಿ ತೆಗೆದುಕೊಂಡು, "ಸರ್ಕಾರದ ಇಂಥ ಇಲಾಖೆಯ ಇಂಥ ಹುದ್ದೆಗೆ ಆಯ್ಕೆಯಾಗಿದ್ದೇನೆ, ಅಲ್ಲಿ ಹಾಜರಾಗಲು ನನ್ನನ್ನು ಬಿಡುಗಡೆ ಮಾಡಬೇಕು" ಎಂದು ಬರೆದಿದ್ದರೆ 2003ರ ನೌಕರ 2003ರ ನೌಕರನಾಗಿಯೇ ಉಳಿಯುತ್ತಿದ್ದ. ಬರೆದದ್ದು ಸ್ವಂತ ಕಾರಣ. ಸ್ವಂತ ಕಾರಣ ಅಂದರೆ ಹೊಲ ನೋಡಿಕೊಳ್ಳಲಿಕ್ಕೆ ಹೋದ, ಕಿರಾಣಿ ಅಂಗಡಿ ಹಾಕಲಿಕ್ಕೆ ಹೋದ, ಸನ್ಯಾಸ ತೆಗೆದುಕೊಂಡ, ಏನು ಬೇಕಾದರೂ ಆಗಬಹುದು!

ಭಾಲ್ಕಿಯಲ್ಲಿ ಅವರ ಹೆಸರಿಗೆ ಹೊಸ ಸರ್ವಿಸ್ ಬುಕ್ಕು ತೆರೆಯಿತು. ಹಳೆಯದು ಔರಾದ ಕಡೆಯ ಅಲ್ಮಾರಿಯಲ್ಲೇ ಉಳಿಯಿತು. ಸಂಬಳದಲ್ಲಿ ನೂರಕ್ಕೆ ಹತ್ತು ಮುರಿಯತೊಡಗಿತು. ಹನ್ನೆರಡು ಅಂಕಿಯ ಒಂದು ನಂಬರು ಕೊಟ್ಟು "ಇದು ನಿಮ್ಮ ಪ್ರಾನ್" ಎಂದರು. ಎಲ್ಲರಿಗೂ ಮುರೀತಾರ, ನಮಗೂ ಮುರೀತಾರ ಅಂತ ಮಾಸ್ತರರು ಸುಮ್ಮನಿದ್ದರು.

1-4-2006 ಎಂಬ ಗೆರೆ

ರಾಜ್ಯದಲ್ಲಿ 2006ರ ಏಪ್ರಿಲ್ 1 ಮತ್ತು ಅದರ ನಂತರ ನೌಕರಿಗೆ ಸೇರಿದವರಿಗೆ ಹಳೆಯ ಪಿಂಚಣಿ ಇಲ್ಲ, ಎನ್‌ಪಿಎಸ್ ಎಂಬ ಹೊಸ ಪದ್ಧತಿ. ಇದು ಈಗ ಸಣ್ಣ ಹುಡುಗರಿಗೂ ಗೊತ್ತು. ಗೊತ್ತಿಲ್ಲದ್ದು ಏನೆಂದರೆ, ಗೆರೆಯ ಆಚೆ ಇದ್ದವನು ತಪ್ಪು ಅರ್ಜಿ ಬರೆದು ತಾನಾಗಿ ಈಚೆ ಬಂದು ಬೀಳಬಹುದು ಎಂಬುದು.

ಎರಡಕ್ಕೂ ಏನು ಅಂತರ? ಅಂದಾಜಿನ ಲೆಕ್ಕ ಹಾಕೋಣ. ನಿವೃತ್ತಿಯ ದಿನ ಮೂಲ ವೇತನ 80,000 ರೂಪಾಯಿ ಅಂತ ಇಟ್ಟುಕೊಳ್ಳಿ. ಹಳೆಯ ಪದ್ಧತಿಯಲ್ಲಿ ಪೂರ್ಣ ಸೇವೆ ಇದ್ದವರಿಗೆ ಅದರ ಅರ್ಧ, ಅಂದರೆ ತಿಂಗಳಿಗೆ 40,000. ಅದರ ಮೇಲೆ ತುಟ್ಟಿಭತ್ಯೆ, ತೊಗರಿಬೇಳೆ ಏರಿದ ಹಾಗೆ ಅದೂ ಏರುತ್ತದೆ. ಯಜಮಾನ ತೀರಿಕೊಂಡರೆ ಹೆಂಡತಿಗೆ ಕುಟುಂಬ ಪಿಂಚಣಿ. ಹೊಸ ಪದ್ಧತಿಯಲ್ಲಿ ನೌಕರನ ನೂರಕ್ಕೆ ಹತ್ತು, ಸರ್ಕಾರದ ಪಾಲು ಮೊದಲು ಹತ್ತು, ಈಗ ಹದಿನಾಲ್ಕು. ಎರಡೂ ಸೇರಿ ಮಾರುಕಟ್ಟೆಯಲ್ಲಿ ಬೆಳೆಯುತ್ತದೆ, ಬೆಳೆದಷ್ಟು. ನಿವೃತ್ತಿ ಹೊತ್ತಿಗೆ 40 ಲಕ್ಷ ಆಯಿತು ಎಂದುಕೊಂಡರೆ ನೂರಕ್ಕೆ 60ರವರೆಗೆ, ಅಂದರೆ 24 ಲಕ್ಷ ಕೈಗೆ ಬರುತ್ತದೆ. ಉಳಿದ 16 ಲಕ್ಷವನ್ನು ವಿಮಾ ಕಂಪನಿಯಲ್ಲಿಟ್ಟು ಅದರ ಮೇಲೆ ತಿಂಗಳ ಪಿಂಚಣಿ ತೆಗೆದುಕೊಳ್ಳಬೇಕು. ವರ್ಷಕ್ಕೆ ನೂರಕ್ಕೆ ಆರು ಸಿಕ್ಕರೆ ತಿಂಗಳಿಗೆ 8,000. ಅದಕ್ಕೆ ತುಟ್ಟಿಭತ್ಯೆ ಇಲ್ಲ. ಇಪ್ಪತ್ತು ವರ್ಷ ಬದುಕಿದರೂ ಅದು ಎಂಟು ಸಾವಿರವೇ.

24 ಲಕ್ಷ ಒಮ್ಮೆಲೇ ಬರುತ್ತದಲ್ಲ ಅಂತ ಖುಷಿಪಡುವವರೂ ಇದ್ದಾರೆ. ನಮ್ಮ ಕಡೆ ಅಂಥ ದುಡ್ಡು ಮಗಳ ಮದುವೆ ಮಂಟಪದಲ್ಲಿ ಎರಡು ದಿನ, ಮಗನ ಪ್ಲಾಟಿನಲ್ಲಿ ಎರಡು ತಿಂಗಳು ನಿಲ್ಲುತ್ತದೆ.

ಇದರ ವಿರುದ್ಧ ಎನ್‌ಪಿಎಸ್ ನೌಕರರು ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ 2022ರ ಡಿಸೆಂಬರಿನಲ್ಲಿ ಧರಣಿ ಕೂತದ್ದು ಜಿಲ್ಲೆಯ ಜನರಿಗೆ ನೆನಪಿರಬಹುದು. 2024ರ ಜನವರಿಯಲ್ಲಿ ರಾಜ್ಯ ಸರ್ಕಾರ ಒಂದು ಬಾಗಿಲು ತೆರೆಯಿತು. 2006ರ ಏಪ್ರಿಲ್ 1ಕ್ಕೆ ಮೊದಲು ನೇಮಕಾತಿ ಅಧಿಸೂಚನೆ ಹೊರಟು, ಆರ್ಡರು ಮಾತ್ರ ಆಮೇಲೆ ಬಂದವರನ್ನು ಹಳೆಯ ಪಿಂಚಣಿಗೆ ಸೇರಿಸುವ ಆದೇಶ ಅದು. ಸುಮಾರು 13 ಸಾವಿರ ಮಂದಿಗೆ ಅನುಕೂಲ ಎಂದು ಸರ್ಕಾರ ಹೇಳಿತು. ಕೇಂದ್ರವೂ 2023ರ ಮಾರ್ಚಿನಲ್ಲಿ ತನ್ನ ನೌಕರರಿಗೆ ಇಂಥದ್ದೇ ಅವಕಾಶ ಕೊಟ್ಟಿತ್ತು.

ಸುದ್ದಿ ಓದಿ ನಮ್ಮ ಮಾಸ್ತರರು, ಈಗ ಅವರು ಮಾಸ್ತರರಲ್ಲ, ಆದರೂ ಊರ ಜನ ಇನ್ನೂ ಹಾಗೇ ಕರೆಯುತ್ತಾರೆ, ಆಫೀಸಿಗೆ ಹೋಗಿ ಕೇಳಿದರು. ಕೇಸ್ ವರ್ಕರ್ ಕಡತ ತಿರುವಿ ಹಾಕಿದ. ನಿಮ್ಮ ಎಫ್.ಡಿ.ಎ. ಅಧಿಸೂಚನೆಯೇ 2006 ದಾಟಿದ ಮೇಲಿನದು, ಈ ಆದೇಶ ನಿಮಗೆ ಹತ್ತುವುದಿಲ್ಲ ಎಂದ.

"ನಾ 2003ರಾಗೇ ಸರ್ವಿಸಿಗೆ ಬಂದಾಂವ ಅದೀನ್ರಿ."

"ಇಲ್ರಿ ಸರ್, ಬುಕ್ಕಿನಾಗ ನೀವು 2009ರವರು."

"ಹಂಗಾದ್ರ ಆ ಆರು ವರ್ಷ ನಾ ಎಲ್ಲಿದ್ದೆ ರೀ?"

ಈ ಪ್ರಶ್ನೆಗೆ ಆ ಮೇಜಿನ ಹತ್ತಿರ ಉತ್ತರ ಇರಲಿಲ್ಲ.

ಔರಾದ ಸುತ್ತ ನಾಲ್ಕು ತಾರೀಖು

ಔರಾದ ತಾಲೂಕು ರಾಜ್ಯದ ನೆತ್ತಿ. ಅಲ್ಲಿಂದ ಒಂದು ಕಡೆ ಹೋದರೆ ಮಹಾರಾಷ್ಟ್ರದ ಉದಗೀರ, ದೇಗಲೂರ. ಇನ್ನೊಂದು ಕಡೆ ತೆಲಂಗಾಣದ ನಾರಾಯಣಖೇಡ. ಮನೆಯಲ್ಲಿ ಮರಾಠಿ, ಶಾಲೆಯಲ್ಲಿ ಕನ್ನಡ, ಸಂತೆಯಲ್ಲಿ ಹಿಂದಿ, ಬೀಗರಲ್ಲಿ ತೆಲುಗು ಆಡುವ ಜನ. ಎಲ್ಲಿ ಅರ್ಜಿ ಕರೆದರೂ ಹಾಕುತ್ತಾರೆ, ಎಲ್ಲಿ ಸಿಕ್ಕರೂ ಹೋಗುತ್ತಾರೆ. ಈ ಊರುಗಳ ನಡುವೆ ಹೆಣ್ಣು ಕೊಟ್ಟು ತರುವುದಕ್ಕೆ ಗಡಿ ಅಡ್ಡ ಬಂದಿಲ್ಲ. ಪಿಂಚಣಿಗೆ ಬಂದಿದೆ.

ಹಳೆಯ ಪಿಂಚಣಿ ನಿಂತ ತಾರೀಖು ಕೇಂದ್ರ ಸರ್ಕಾರದಲ್ಲಿ 2004ರ ಜನವರಿ 1. ಅಂದಿನ ಆಂಧ್ರಪ್ರದೇಶದಲ್ಲಿ, ನಾರಾಯಣಖೇಡ ಆಗ ಅದರಲ್ಲಿತ್ತು, 2004ರ ಸೆಪ್ಟೆಂಬರ್ 1. ಮಹಾರಾಷ್ಟ್ರದಲ್ಲಿ 2005ರ ನವೆಂಬರ್ 1. ಕರ್ನಾಟಕದಲ್ಲಿ 2006ರ ಏಪ್ರಿಲ್ 1. ಹೀಗಾಗಿ 2005ರ ಡಿಸೆಂಬರಿನಲ್ಲಿ ಮೂವರು ಗೆಳೆಯರು ಮೂರು ಕಡೆ ನೌಕರಿಗೆ ಸೇರಿದ್ದರೆ ಔರಾದಿನಲ್ಲಿ ಸೇರಿದವನಿಗೆ ಹಳೆಯ ಪಿಂಚಣಿ, ದೇಗಲೂರಿನವನಿಗೂ ನಾರಾಯಣಖೇಡದವನಿಗೂ ಇಲ್ಲ. ಔರಾದಿನವನು ಆಮೇಲೆ ಕೇಂದ್ರದ ನೌಕರಿ ಚಲೋ ಅಂತ ಅಲ್ಲಿಗೆ ಜಿಗಿದರೆ ಕೇಂದ್ರ ತನ್ನ ಗೆರೆಯನ್ನು ನೋಡುತ್ತದೆಯೇ ಹೊರತು ಕರ್ನಾಟಕದ ಗೆರೆಯನ್ನಲ್ಲ. ಇಲ್ಲಿ ಹಳಬ, ಅಲ್ಲಿ ಹೊಸಬ.

ಹಿಂದೆ ಇಷ್ಟು ಗೋಜಲು ಇರಲಿಲ್ಲ. ರಾಜ್ಯದಲ್ಲಿ ಹತ್ತು ವರ್ಷ, ಕೇಂದ್ರದಲ್ಲಿ ಇಪ್ಪತ್ತು ವರ್ಷ ದುಡಿದವನ ಪಿಂಚಣಿಯನ್ನು ಯಾರು ಎಷ್ಟು ಕೊಡಬೇಕೆಂದು ಎರಡೂ ಸರ್ಕಾರಗಳು ಸೇವೆಯ ಪ್ರಮಾಣದಲ್ಲಿ ಹಂಚಿಕೊಳ್ಳುತ್ತಿದ್ದವು. ಆ ಪತ್ರ ವ್ಯವಹಾರದಲ್ಲೇ ನೌಕರ ಮುದುಕನಾಗುತ್ತಿದ್ದ. 1982ರ ಮಾರ್ಚ್ 31ರ ಕೇಂದ್ರದ ಆದೇಶ ಅದನ್ನು ನಿಲ್ಲಿಸಿತು. ಕೊನೆಗೆ ಯಾರ ಹತ್ತಿರ ನಿವೃತ್ತಿಯಾದನೋ ಅವರೇ ಪೂರ್ತಿ ಕೊಡಬೇಕು, ಹಿಂದಿನವರ ಹತ್ತಿರ ಪಾಲು ಕೇಳಬಾರದು ಎಂದಿತು. ಅದೇ ವರ್ಷದ ಡಿಸೆಂಬರ್ 17ರಂದು ನಕಾರಾ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ, ಪಿಂಚಣಿ ಸರ್ಕಾರ ಕೊಡುವ ಭಿಕ್ಷೆಯಲ್ಲ, ದುಡಿದದ್ದರ ಫಲ ಎಂದು ತೀರ್ಪು ಕೊಟ್ಟಿತು. ಇವತ್ತಿಗೂ ಡಿಸೆಂಬರ್ 17 ಪಿಂಚಣಿದಾರರ ದಿನ. ಆ ದಿನ ಸಭೆ ಮಾಡಿ ಹಿರಿಯರಿಗೆ ಶಾಲು ಹೊದಿಸುತ್ತಾರೆ. ಅರ್ಜಿ ಹೇಗೆ ಬರೆಯಬೇಕೆಂದು ಕಿರಿಯರಿಗೆ ಹೇಳಿಕೊಟ್ಟರೆ ಇನ್ನೂ ಚಲೋ ಇತ್ತು.

ಕುರ್ಚಿ ಅದೇ, ಬೋರ್ಡು ಬೇರೆ

ನೌಕರಿಯನ್ನು ತಾನಾಗಿ ಬದಲಿಸಿದವರ ಮಾತು ಇದಾಯಿತು. ಕೂತ ಕುರ್ಚಿಯಿಂದ ಏಳದೆಯೇ ನೌಕರಿ ಬದಲಾದವರೂ ಈ ಜಿಲ್ಲೆಯಲ್ಲಿದ್ದಾರೆ.

ಟೆಲಿಫೋನ್ ಎಕ್ಸ್‌ಚೇಂಜಿನವರನ್ನೇ ತೆಗೆದುಕೊಳ್ಳಿ. 2000ದ ಸೆಪ್ಟೆಂಬರ್ 30ರ ರಾತ್ರಿ ಕೇಂದ್ರ ಸರ್ಕಾರದ ದೂರಸಂಪರ್ಕ ಇಲಾಖೆಯವರಾಗಿ ಮಲಗಿದವರು ಅಕ್ಟೋಬರ್ 1ರ ಬೆಳಿಗ್ಗೆ ಬಿಎಸ್ಎನ್ಎಲ್ ಕಂಪನಿಯಲ್ಲಿ ಎದ್ದರು. ಕಂಪನಿಗೆ ಹೋದರೆ ಸರ್ಕಾರಿ ಪಿಂಚಣಿ ಹೋಗುತ್ತದೆ ಎಂಬ ಭಯಕ್ಕೆ ಅಂದು ದೇಶದಾದ್ಯಂತ ಮುಷ್ಕರದ ಮಾತು ಎದ್ದಿತ್ತು. ಅದಕ್ಕೆಂದೇ ಪಿಂಚಣಿ ನಿಯಮಗಳಲ್ಲಿ 37-ಎ ಎಂಬುದು ಸೇರಿತು. ಇಲಾಖೆಯಲ್ಲಿದ್ದ ವರ್ಷ, ಕಂಪನಿಯಲ್ಲಿ ದುಡಿದ ವರ್ಷ ಎರಡೂ ಕೂಡಿ, ಪಿಂಚಣಿ ಕೇಂದ್ರ ಸರ್ಕಾರದ ಬೊಕ್ಕಸದಿಂದ. ಗಟ್ಟಿ ಹಿಡಿದು ಕೂತರು, ಪಡೆದರು. 2019ರ ಸ್ವಯಂ ನಿವೃತ್ತಿ ಯೋಜನೆಯಲ್ಲಿ ದೇಶದಲ್ಲಿ 78 ಸಾವಿರಕ್ಕೂ ಹೆಚ್ಚು ಮಂದಿ ಬಿಎಸ್ಎನ್ಎಲ್ ಬಿಟ್ಟಾಗ ಈ ನಿಯಮ ಎಷ್ಟೋ ಮನೆಗಳ ಒಲೆ ಕಾಯಿತು. ಆದರೆ 2000ದ ನಂತರ ಕಂಪನಿಯೇ ನೇರವಾಗಿ ತೆಗೆದುಕೊಂಡವರಿಗೆ ಈ ಭಾಗ್ಯ ಇಲ್ಲ, ಅವರದು ಪಿ.ಎಫ್. ಲೆಕ್ಕ. ಒಂದೇ ಎಕ್ಸ್‌ಚೇಂಜು, ಒಂದೇ ಕೆಲಸ, ಎರಡು ಥರದ ಮುಪ್ಪು.

ಈ ಕಾವಲಿಗೂ 2025ರ ಮೇ 22ರಂದು ಒಂದು ತೂತು ಬಿತ್ತು. ಸರ್ಕಾರಿ ಇಲಾಖೆಯಿಂದ ಸಾರ್ವಜನಿಕ ಉದ್ದಿಮೆಗೆ ಸೇರಿಸಲ್ಪಟ್ಟವನು ಅಲ್ಲಿ ದುರ್ನಡತೆಗಾಗಿ ಡಿಸ್ಮಿಸ್ ಆದರೆ ಸರ್ಕಾರದಲ್ಲಿದ್ದಾಗಿನ ಸೇವೆಯ ನಿವೃತ್ತಿ ಸೌಲಭ್ಯವೂ ಹೋಗುವ ಹಾಗೆ ಕೇಂದ್ರ ನಿಯಮ ತಿದ್ದಿತು. ಮೊದಲು ಹಾಗಿರಲಿಲ್ಲ, ಸರ್ಕಾರದಲ್ಲಿ ದುಡಿದದ್ದು ದುಡಿದದ್ದೇ ಎಂದಿತ್ತು. ಡಿಸ್ಮಿಸ್ ಆದೇಶವನ್ನು ಸಂಬಂಧಪಟ್ಟ ಮಂತ್ರಾಲಯ ಪರಿಶೀಲಿಸಬೇಕೆಂಬ ಷರತ್ತು ಇದೆ. ಅದೊಂದೇ ಆಸರೆ.

ವಿದ್ಯುತ್ತಿನವರ ದಾರಿ ಬೇರೆ. ಕೆ.ಇ.ಬಿ. 1999ರ ಆಗಸ್ಟಿನಲ್ಲಿ ಕೆಪಿಟಿಸಿಎಲ್ ಆಯಿತು, 2002ರ ಜೂನಿನಲ್ಲಿ ನಮ್ಮ ಭಾಗಕ್ಕೆ ಜೆಸ್ಕಾಂ ಬಂತು. ಮಂಡಳಿಯ ನೌಕರರು ಸುಮ್ಮನೆ ಹೋಗಲಿಲ್ಲ. ಪಿಂಚಣಿಗೆ ಸರ್ಕಾರದ ಹೊಣೆ ಬರೆಸಿಕೊಂಡರು, ಪಿಂಚಣಿ-ಗ್ರಾಚ್ಯುಟಿಗೆ ಬೇರೆಯೇ ಟ್ರಸ್ಟ್ ಆಯಿತು. ಆದರೆ ಸರ್ಕಾರದ ಪಾಲಿನ ದುಡ್ಡು ಯಾರು ತುಂಬಬೇಕು ಎಂಬ ಜಗ್ಗಾಟ ವರ್ಷಗಟ್ಟಲೆ ನಡೆದು ಕೊನೆಗೆ ಎಲ್ಲಿ ಬಂತು ಗೊತ್ತೇ? ನಿಮ್ಮ ಲೈಟ್ ಬಿಲ್ಲಿಗೆ! ವಿದ್ಯುತ್ ನಿಯಂತ್ರಣ ಆಯೋಗದ ಆದೇಶದಂತೆ 2025ರ ಏಪ್ರಿಲ್ 1ರಿಂದ ಯೂನಿಟ್ಟಿಗೆ 36 ಪೈಸೆ ಈ ಪಿಂಚಣಿ ಬಾಬ್ತು ಸೇರಿತು. ಗೃಹಜ್ಯೋತಿಯ ಸೊನ್ನೆ ಬಿಲ್ಲಿನವರಿಗೆ ಅದು ಕಾಣುವುದಿಲ್ಲ. ಭಾಲ್ಕಿಯ ಹಿಟ್ಟಿನ ಗಿರಣಿಯವನಿಗೆ ಕಾಣುತ್ತದೆ.

ಎಲ್ಲರಿಗಿಂತ ಕಡಿಮೆ ಸಿಕ್ಕವರು ಬಸ್ಸಿನವರು. ನಿಜಾಮರ ರೈಲ್ವೆ 1932ರಲ್ಲಿ 27 ಬಸ್ಸು ಇಟ್ಟುಕೊಂಡು ಸಾರಿಗೆ ಶುರುಮಾಡಿದಾಗ ಅದು ಸರ್ಕಾರದ ಕೆಲಸ. 1956ರಲ್ಲಿ ಈ ಭಾಗದ ಬಸ್ಸುಗಳು ಮೈಸೂರು ಸರ್ಕಾರದ ಸಾರಿಗೆ ಇಲಾಖೆಗೆ ಬಂದವು, ಆಗಲೂ ಸರ್ಕಾರದ್ದೇ. 1961ರ ಆಗಸ್ಟ್ 1ರಂದು ನಿಗಮವಾಯಿತು. 2000ದಲ್ಲಿ ಈಶಾನ್ಯ ಸಾರಿಗೆ ಬೇರೆಯಾಗಿ ಈಗ ಕಲ್ಯಾಣ ಕರ್ನಾಟಕ ಸಾರಿಗೆ ಎಂದು ಕರೆಸಿಕೊಳ್ಳುತ್ತದೆ. ಬೋರ್ಡು ಎಷ್ಟು ಸಲ ಬದಲಾದರೂ ಔರಾದ ರೋಡು ಅದೇ, ಸ್ಟೇರಿಂಗು ಅದೇ. ಪಿಂಚಣಿ ಮಾತ್ರ ಸರ್ಕಾರದ್ದಲ್ಲ, ಪಿ.ಎಫ್. ಇಲಾಖೆಯ 1995ರ ಯೋಜನೆಯದು. ಅದರಲ್ಲಿ ಲೆಕ್ಕಕ್ಕೆ ಹಿಡಿಯುವ ಸಂಬಳಕ್ಕೆ 2014ರಿಂದ 15,000 ರೂಪಾಯಿಯ ಮಿತಿ. ಆ ಸಂಬಳವನ್ನು ಸೇವೆಯ ವರ್ಷದಿಂದ ಗುಣಿಸಿ 70ರಿಂದ ಭಾಗಿಸಬೇಕು. ಮಿತಿಯ ಸಂಬಳದಲ್ಲಿ 35 ವರ್ಷ ದುಡಿದರೂ 7,500. ಅದಕ್ಕೂ ಹಿಂದೆ ಮಿತಿ 6,500 ಇದ್ದ ಕಾಲದ ಸೇವೆ ಇದ್ದವರಿಗೆ ಇನ್ನೂ ಕಡಿಮೆ. ಕಂಡಕ್ಟರಿಕೆ ಬಿಟ್ಟು ಪೊಲೀಸೋ ಮಾಸ್ತರೋ ಆದವನ ಪಿ.ಎಫ್. ವರ್ಷಗಳು ಸರ್ಕಾರಿ ಪಿಂಚಣಿಗೆ ಕೂಡುವುದಿಲ್ಲ. ಬಹಳ ಮಂದಿ ಬಿಟ್ಟ ತಿಂಗಳೇ ಪಿ.ಎಫ್. ತೆಗೆದು ಮೋಟಾರ್ ಸೈಕಲ್ ತರುತ್ತಾರೆ. ಹತ್ತು ವರ್ಷ ಆಗದಿದ್ದರೂ ಪಿಂಚಣಿ ಪಾಲನ್ನು ತೆಗೆಯದೆ ಅಷ್ಟೂ ವರ್ಷಕ್ಕೆ ಸ್ಕೀಮ್ ಸರ್ಟಿಫಿಕೇಟ್ ಎಂಬ ಕಾಗದ ತೆಗೆದಿಟ್ಟುಕೊಳ್ಳಬಹುದು, ಮುಂದೆ ಮತ್ತೆ ಪಿ.ಎಫ್. ಇರುವ ನೌಕರಿಗೆ ಹೋದರೆ ಅದು ಕೂಡುತ್ತದೆ ಎಂದು ಹೇಳುವವರು ಡಿಪೋದಲ್ಲಿ ಸಿಗುವುದಿಲ್ಲ.

ವಜೀಫಾದ ಕಾಲ

ಬೀದರಿನ ಹಳಬರು ಪಿಂಚಣಿಗೆ ಪಿಂಚಣಿ ಅನ್ನುತ್ತಿರಲಿಲ್ಲ, ವಜೀಫಾ ಅನ್ನುತ್ತಿದ್ದರು. ಹೈದರಾಬಾದ್ ಸಂಸ್ಥಾನದ ದಫ್ತರದ ಉರ್ದುವಿನಲ್ಲಿ ಅದರ ಪೂರ್ತಿ ಹೆಸರು ವಜೀಫಾ-ಎ-ಹುಸ್ನೆ-ಖಿದ್ಮತ್, ಅಂದರೆ ಚಲೋ ಸೇವೆಗೆ ಕೊಟ್ಟ ವೇತನ. ಸಂಬಳ ಹಾಲಿ ಸಿಕ್ಕಾದಲ್ಲಿ. ಏಳು ಹಾಲಿ ಸಿಕ್ಕಾಕ್ಕೆ ಆರು ಕಲ್ದಾರ್.

ಈ ಜಿಲ್ಲೆಯ ನೌಕರರಷ್ಟು ಸರ್ಕಾರ ಕಂಡವರು ಕಡಿಮೆ. ನಿಜಾಮರ ಕಾಲದಲ್ಲಿ ಸೇರಿದ ಗುಮಾಸ್ತ 1948ರ ಸೆಪ್ಟೆಂಬರಿನಲ್ಲಿ ಭಾರತ ಸರ್ಕಾರದ ಕೈಕೆಳಗೆ ಬಂದ. 1956ರ ನವೆಂಬರ್ 1ರಂದು ಮೈಸೂರಿನವನಾದ. ಅಂದು ಬೀದರ ಜಿಲ್ಲೆಯನ್ನೇ ರೊಟ್ಟಿಯ ಹಾಗೆ ಮುರಿದರು. ಉದಗೀರ, ನಿಲಂಗಾ, ಅಹಮದಪುರ ಮುಂಬಯಿ ರಾಜ್ಯಕ್ಕೆ, ನಾರಾಯಣಖೇಡ ಮತ್ತು ಜಹೀರಾಬಾದಿನ ಬಹುಭಾಗ ಆಂಧ್ರಕ್ಕೆ, ಬೀದರ, ಭಾಲ್ಕಿ, ಔರಾದ ಕಡೆಯದು ಮೈಸೂರಿಗೆ. ಒಂದೇ ಕಚೇರಿಯ ಗೆಳೆಯರು ಮೂರು ರಾಜ್ಯದ ನೌಕರರಾದರು.

ಆದರೆ ಅವರ ಸೇವೆ ಮುರಿಯಲಿಲ್ಲ. ರಾಜ್ಯ ಪುನರ್ವಿಂಗಡಣಾ ಕಾಯಿದೆಯ 115ನೇ ಕಲಂ ನೌಕರರ ಮಾತಿಗೇ ಮೀಸಲು. ಅದರ 7ನೇ ಉಪಕಲಂ, ಹೀಗೆ ಬಂದ ನೌಕರನ ಸೇವಾ ಷರತ್ತುಗಳನ್ನು ಅವನಿಗೆ ನಷ್ಟವಾಗುವಂತೆ ಬದಲಿಸಬೇಕಾದರೆ ಮೊದಲು ಕೇಂದ್ರ ಸರ್ಕಾರದ ಒಪ್ಪಿಗೆ ಬೇಕು ಎಂದಿತು. ಸೀನಿಯಾರಿಟಿ ಪಟ್ಟಿಯ ಜಗಳ ಕೋರ್ಟುಗಳಲ್ಲಿ ದಶಕಗಟ್ಟಲೆ ನಡೆಯಿತು, ಅದು ಬೇರೆ ಮಾತು. ಎರಡು ಸರ್ಕಾರ ಮುಳುಗಿ ಮೂರನೆಯದು ಬಂದರೂ ಉರ್ದು ಸರ್ವಿಸ್ ಬುಕ್ಕಿನ ವರ್ಷಗಳು ಕನ್ನಡ ಸರ್ವಿಸ್ ಬುಕ್ಕಿಗೆ ದಾಟಿದವು. ಈಗ ಒಂದೇ ಸರ್ಕಾರದಲ್ಲಿ, ಒಂದೇ ಜಿಲ್ಲೆಯಲ್ಲಿ, ಔರಾದಿನಿಂದ ಭಾಲ್ಕಿಗೆ ದಾಟುವುದಿಲ್ಲ ಅಂದರೆ ಏನನ್ನಬೇಕು?

ಕಾಗದ ಇದ್ದರೆ ಉಂಟು

2013ರಲ್ಲಿ 371(ಜೆ) ಮೀಸಲಾತಿ ಜಾರಿಯಾದ ಮೇಲೆ ಈ ಭಾಗದ ಹುಡುಗರಿಗೆ ನೌಕರಿ ಹೆಚ್ಚು ಸಿಗತೊಡಗಿತು. ಸಿ ದರ್ಜೆಯಲ್ಲಿ ನೂರಕ್ಕೆ 80, ಡಿ ದರ್ಜೆಯಲ್ಲಿ 85 ಸ್ಥಳೀಯರಿಗೆ. ಹೀಗಾಗಿ ನೌಕರಿಯಿಂದ ನೌಕರಿಗೆ ಜಿಗಿತವೂ ಹೆಚ್ಚಾಯಿತು. ಇವರೆಲ್ಲ ಎನ್‌ಪಿಎಸ್‌ನವರೇ, ಕಳೆದುಕೊಳ್ಳಲಿಕ್ಕೆ ಹಳೆಯ ಪಿಂಚಣಿ ಇಲ್ಲ. ಆದರೆ ಇವರಲ್ಲಿ ಬೇರೆ ರೋಗ. ಹೊಸ ಆಫೀಸಿನವರು ಹೊಸ ಪ್ರಾನ್ ತೆಗೆಸುತ್ತಾರೆ, ಹಳೆಯದರಲ್ಲಿ ದುಡ್ಡು ಹಾಗೇ ಬಿದ್ದಿರುತ್ತದೆ. ಒಬ್ಬ ಮನುಷ್ಯನಿಗೆ ಒಂದೇ ಪ್ರಾನ್. ನೌಕರಿ ಬದಲಾದರೆ ಅದೇ ನಂಬರನ್ನು ಹೊಸ ಕಚೇರಿಗೆ ವರ್ಗಾಯಿಸಲು ಫಾರಂ ಇದೆ. ನೌಕರಿ ಬಿಟ್ಟೆ ಅಂತ ಹಳೆಯ ಖಾತೆ ಮುಚ್ಚಲು ಹೋದರೆ ಸಾಮಾನ್ಯವಾಗಿ ನೂರಕ್ಕೆ ಇಪ್ಪತ್ತು ಮಾತ್ರ ಕೈಗೆ, ಎಂಬತ್ತು ವಿಮಾ ಕಂಪನಿಗೆ.

ಬಿಡುವವರು ನೋಡಿಕೊಳ್ಳಬೇಕಾದದ್ದು ಇಷ್ಟೇ. ಅರ್ಜಿ ಹಾಕುವಾಗಲೇ ಮೇಲಧಿಕಾರಿಗೆ ತಿಳಿಸಿ ಎನ್.ಓ.ಸಿ. ಪಡೆಯಬೇಕು, ಅದರ ಪ್ರತಿ ಮನೆಯಲ್ಲಿರಬೇಕು. ನಮ್ಮ ಹುಡುಗರು ಹತ್ತು ಪರೀಕ್ಷೆ ಒಟ್ಟಿಗೆ ಬರೆಯುತ್ತಾರೆ, ಮೊದಲ ನೌಕರಿಗೆ ಸೇರುವ ಮೊದಲೇ ಎರಡನೆಯದಕ್ಕೆ ಅರ್ಜಿ ಹೋಗಿರುತ್ತದೆ. ಅಂಥವರು ಸೇರಿದ ತಕ್ಷಣ ಬರೆದು ತಿಳಿಸಿದ್ದರೆ ಸಾಕು, ಅದನ್ನೂ ತಾಂತ್ರಿಕ ರಾಜೀನಾಮೆ ಎಂದೇ ಹಿಡಿಯಬಹುದು ಎಂದು ಕೇಂದ್ರ ಸರ್ಕಾರ 2016ರಲ್ಲಿ ತನ್ನ ನೌಕರರಿಗೆ ಸ್ಪಷ್ಟ ಮಾಡಿದೆ. ಬಿಡುಗಡೆ ಆದೇಶದಲ್ಲಿ ಯಾವ ಹುದ್ದೆಗೆ ಹೋಗಲು ಬಿಡುಗಡೆ ಎಂಬುದು ಬರೆದಿರಲೇಬೇಕು. ಎಲ್.ಪಿ.ಸಿ., ರಜೆ ಲೆಕ್ಕ, ಸರ್ವಿಸ್ ಬುಕ್ಕು ಹೊಸ ಕಚೇರಿಗೆ ಹೋಯಿತೇ ಎಂದು ಕೇಳಬೇಕು. ಕೇಳಿದರೆ ಯಾರಿಗೂ ಸಿಟ್ಟು ಬರುವುದಿಲ್ಲ. ಬಂದರೂ ಬರಲಿ.

ಈಗಾಗಲೇ ಕಳೆದುಕೊಂಡವರ ದಾರಿ ಕಷ್ಟದ್ದು, ಆದರೆ ಪೂರ್ತಿ ಮುಚ್ಚಿಲ್ಲ. ಹಳೆಯ ಕಚೇರಿಯ ಆವಕ ರಿಜಿಸ್ಟರಿನಲ್ಲಿ ಏನಿದೆ, ರಾಜೀನಾಮೆಯ ಜೊತೆ ಹೊಸ ಹುದ್ದೆಯ ಆರ್ಡರಿನ ಪ್ರತಿ ಲಗತ್ತಾಗಿತ್ತೇ, ಬಿಟ್ಟ ದಿನಕ್ಕೂ ಸೇರಿದ ದಿನಕ್ಕೂ ನಡುವೆ ಎಷ್ಟು ದಿನ ಎಂಬುದರ ಮೇಲೆ ಹಿಂದಿನ ಸೇವೆ ಸೇರಿಸಿ ಎಂದು ಇಲಾಖೆಗೆ ಬರೆಯಬೇಕು. ಕಾಗದ ಕೊಡದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಬೇಕು. ಇಲ್ಲ ಎಂದು ಬರೆದುಕೊಟ್ಟರೆ ಆ ಹಿಂಬರಹ ಹಿಡಿದು ಕಲಬುರಗಿಯಲ್ಲಿರುವ ಆಡಳಿತ ನ್ಯಾಯಮಂಡಳಿಯ ಪೀಠಕ್ಕೆ ಹೋಗಬಹುದು. ಬೆಂಗಳೂರಿನವರೆಗೆ ರಾತ್ರಿಯಿಡೀ ರೈಲಿನಲ್ಲಿ ಹೋಗಬೇಕಿಲ್ಲ ಎಂಬುದಷ್ಟೇ ಸಮಾಧಾನ.

ನಮ್ಮ ಮಾಸ್ತರರು ಮಾಡಿದ್ದೂ ಅದನ್ನೇ. ಒಂದು ದಿನ ರಜೆ ಹಾಕಿ ಔರಾದ ಬಸ್ಸು ಹಿಡಿದರು. ಹಳೆಯ ಗುಮಾಸ್ತರು ನಿವೃತ್ತರಾಗಿದ್ದರು. ಹೊಸ ಹುಡುಗ ಪಾಪ ಒಳ್ಳೆಯವನು, ಅಲ್ಮಾರಿಯಲ್ಲಿ ಅರ್ಧ ದಿನ ಹುಡುಕಿ ಧೂಳು ಝಾಡಿಸಿ ಬುಕ್ಕು ತೆಗೆದುಕೊಟ್ಟ. ಮೊದಲ ಪುಟದಲ್ಲಿ ಇಪ್ಪತ್ತಾರು ವರ್ಷದ ಹುಡುಗನ ಫೋಟೋ, ಮೀಸೆ ಕಪ್ಪು. ಕೊನೆಯ ನಮೂದು, ರಾಜೀನಾಮೆ ಅಂಗೀಕರಿಸಿದೆ. ಅದರ ಹಿಂದೆ ಟಾಚಣಿ ಚುಚ್ಚಿದ ಮಾಸಿದ ಹಾಳೆ, ತಾವೇ ಬರೆದದ್ದು. ಮತ್ತೆ ಅದರ ಹಿಂದೆ, ಅವರಿಗೂ ಮರೆತು ಹೋಗಿತ್ತು, ಭಾಲ್ಕಿಯ ಆರ್ಡರಿನ ಝೆರಾಕ್ಸ್ ಪ್ರತಿ! ಅಂದು ಗುಮಾಸ್ತರು ಇರಲಿ ಅಂತ ಇಟ್ಟುಕೊಂಡದ್ದು. ಎರಡರ ಪ್ರತಿಯನ್ನೂ ದೃಢೀಕರಿಸಿಕೊಂಡು ಅರ್ಜಿ ಕೊಟ್ಟಿದ್ದಾರೆ. ಆವಕ ನಂಬರು ಸಿಕ್ಕಿದೆ, ಉತ್ತರ ಬಂದಿಲ್ಲ.

ಆ ವಾರವೇ ಅವರ ಅಣ್ಣನ ಮಗ ಪೇಢಾ ಡಬ್ಬಿ ಹಿಡಿದು ಮನೆಗೆ ಬಂದ. ಮಾಸ್ತರಿಕೆಯಲ್ಲಿದ್ದವನಿಗೆ ಪಿ.ಡಿ.ಓ. ಸಿಕ್ಕಿತ್ತು. ಕಾಕಾ, ಬಾಯಿ ತೆಗೀರಿ ಅಂದ.

"ಪೇಢಾ ಆಮ್ಯಾಲ ತಿಂತೀನೋ ತಮ್ಮಾ. ಅರ್ಜಿ ಏನಂತ ಬರ್ದಿ, ಮೊದ್ಲ ಅದು ತೋರ್ಸು."